ದಕ್ಕೆಯ ಮೇಲೆ ನಿಂತವರು

ಫ್ರಾನ್ಸಿನ ನಿರ್ದೇಶಕ ಕ್ರಿಸ್ ಮಾರ್ಕರ್ 1962ರಲ್ಲಿ ತಯಾರಿಸಿದ 'ಲಾ ಜೆತೇ' ಕೇವಲ 28 ನಿಮಿಷಗಳ ಪ್ರಯೋಗಶೀಲ ಚಿತ್ರ. ಅದರ ಹೆಸರನ್ನು ನಮ್ಮ ಕರಾವಳಿಯ ಮಾತಿಗೆ ತರುವುದಾದರೆ 'ದಕ್ಕೆ' ಎನ್ನಬೇಕು. ಶ್ರೋತೃಗಳಲ್ಲಿ ಮಲ್ಪೆಯನ್ನು ಬಲ್ಲವರಿಗೆ ಬೇರೆ ವಿವರಣೆ ಬೇಡ. ಆದರೆ ಚಿತ್ರದ ದಕ್ಕೆ ಕಡಲಿನದಲ್ಲ. ಪ್ಯಾರಿಸ್ಸಿನ ಬಳಿಯ ಓರ್ಲಿ ವಿಮಾನನಿಲ್ದಾಣದಲ್ಲಿ, ಹೊರಡುವ ವಿಮಾನಗಳನ್ನು ಮಕ್ಕಳಿಗೆ ತೋರಿಸಲೆಂದು ಜನ ಭಾನುವಾರ ಬಂದು ನಿಲ್ಲುತ್ತಿದ್ದ ಉದ್ದನೆಯ ಕಟ್ಟೆ ಅದು. ಅಲ್ಲಿ ಹುಡುಗನೊಬ್ಬ ಒಬ್ಬ ಹೆಣ್ಣಿನ ಮುಖವನ್ನೂ ಒಬ್ಬ ಗಂಡಸಿನ ಸಾವನ್ನೂ ಕಾಣುತ್ತಾನೆ. ಮುಂದೆ ಯುದ್ಧದಲ್ಲಿ ಪ್ಯಾರಿಸ್ ಹಾಳಾದ ಬಳಿಕ, ಆ ಮುಖದ ನೆನಪಿನ ಬಲದಿಂದಲೇ ಅವನು ಕಾಲದಲ್ಲಿ ಹಿಂದಕ್ಕೆ ಹೋಗುತ್ತಾನೆ. ಬಾಲ್ಯದಲ್ಲಿ ಕಂಡದ್ದು ತನ್ನದೇ ಸಾವೆಂಬುದು ಅವನಿಗೆ ತಿಳಿಯುವುದು ಅದೇ ಕಟ್ಟೆಯ ಮೇಲೆ.

ಕಥೆಗಿಂತ ಹೆಚ್ಚಾಗಿ ನನ್ನನ್ನು ಹಿಡಿದುದು ಹೇಳಿದ ರೀತಿ. ಚಿತ್ರವಿಡೀ ಸ್ಥಿರ ಛಾಯಾಚಿತ್ರಗಳ ಸಾಲು. ಮಲಗಿದ್ದ ಹೆಣ್ಣು ಕಣ್ತೆರೆದು ರೆಪ್ಪೆ ಬಡಿಯುವ ಒಂದು ಗಳಿಗೆಯಲ್ಲಿ ಮಾತ್ರ ಬಿಂಬ ಚಲಿಸುತ್ತದೆ. ವಿಮಾನವೆಂದರೆ ವೇಗ ಎಂದು ನಾವು ತಿಳಿದಿದ್ದೇವೆ. ನಿಲ್ದಾಣದ ಅನುಭವ ಮಾತ್ರ ನಿಲ್ಲುವುದು, ಒಂದು ಹೆಜ್ಜೆ ಸರಿಯುವುದು, ಮತ್ತೆ ನಿಲ್ಲುವುದು. ಅದಕ್ಕೆ ನಿಶ್ಚಲಚಿತ್ರದಷ್ಟು ಒಪ್ಪುವ ಮಾಧ್ಯಮ ಬೇರೊಂದಿಲ್ಲವೆಂದೇ ನನ್ನ ಎಣಿಕೆ.

ಉಡುಪಿ, ಕಾರ್ಕಳ, ಕಾಪುಗಳಿಂದ ಹೊರಡುವವರಿಗೂ ಮಣಿಪಾಲದಲ್ಲಿ ಓದುವ ದೂರದೂರಿನ ವಿದ್ಯಾರ್ಥಿಗಳಿಗೂ ಹತ್ತಿರದ ನಿಲ್ದಾಣ ಮಂಗಳೂರಿನ ಬಜಪೆ. ಅದು 1951ರಲ್ಲೇ ಆರಂಭವಾದರೂ ಅಲ್ಲಿಂದ ನೇರವಾಗಿ ದುಬೈಗೆ ಹಾರುವ ಅನುಕೂಲ ಒದಗಿದ್ದು 2006ರಲ್ಲಿ. ಅದಕ್ಕೆ ಮುಂಚೆ ಕೊಲ್ಲಿಗೆ ಹೊರಟ ಬಹುಮಂದಿ ಬೊಂಬಾಯಿಯ ದಾರಿ ಹಿಡಿಯುತ್ತಿದ್ದರು. ಬೀಳ್ಕೊಡುಗೆ ಊರಿನ ಬಸ್ಸಿನ ಕಿಟಕಿಯಲ್ಲೇ ಮುಗಿಯುತ್ತಿತ್ತು.

ಕಾಪುವಿನ ನೆರೆಮನೆಯ ಹುಡುಗನನ್ನು ಕಳುಹಿಸಲು ಒಮ್ಮೆ ನಾನೂ ಬಜಪೆಗೆ ಹೋಗಿದ್ದೆ. ಹೊರಡುವವನು ಒಬ್ಬ, ಕಳುಹಿಸುವವರು ಏಳು ಮಂದಿ. ಟಿಕೇಟು ನೋಡಿ ಅವನೊಬ್ಬನನ್ನು ಒಳಕ್ಕೆ ಬಿಟ್ಟರು. ಗಾಜಿನಾಚೆ ಎರಡು ಸಲ ತಿರುಗಿ ನೋಡಿದ, ಅನಂತರ ಕಾಣಲಿಲ್ಲ. ವಿಮಾನಕ್ಕೆ ಇನ್ನೂ ಮೂರು ಗಂಟೆಯಿತ್ತು. ಹೋಗುವುದನ್ನು ನೋಡಲಿಕ್ಕೆ ಎಲ್ಲಿ ನಿಲ್ಲಬೇಕು ಎಂದು ಅವನ ತಾಯಿ ತುಳುವಿನಲ್ಲಿ ಕೇಳಿದರು. ನಮ್ಮಲ್ಲಿ ಯಾರಿಗೂ ಉತ್ತರ ಗೊತ್ತಿರಲಿಲ್ಲ.

ಫ್ರೆಂಚ್ ಮಾನವಶಾಸ್ತ್ರಜ್ಞ ಮಾರ್ಕ್ ಓಜೇ 1992ರ ತಮ್ಮ ಪುಸ್ತಕದಲ್ಲಿ ಇಂಥ ತಾಣಗಳನ್ನು 'ಸ್ಥಳವಲ್ಲದ ಸ್ಥಳ'ಗಳೆಂದರು. ಒಳಗೆ ಕುಳಿತ ಪ್ರಯಾಣಿಕನ ಪರಕೀಯ ಪ್ರಜ್ಞೆಯ ಮಾತು, ನವ್ಯಸಾಹಿತ್ಯ ಓದಿದ ನಮಗೆ, ಹೊಸದೇನಲ್ಲ. ಆದರೆ ಮಲ್ಪೆಯಲ್ಲಿ ದೋಣಿ ಚುಕ್ಕೆಯಾಗುವವರೆಗೂ ದಕ್ಕೆಯ ಮೇಲೆ ನಿಂತು ನೋಡಬಹುದು. ಮಾರ್ಕರನ ಓರ್ಲಿಯಲ್ಲೂ ಅಂಥ ಕಟ್ಟೆಯೊಂದಿತ್ತು. ಮಣಿಪಾಲದಲ್ಲಿ ಮಾಧ್ಯಮ ಅಭ್ಯಾಸ ಮಾಡುವ ತರುಣರಲ್ಲಿ ಯಾರಾದರೂ ವಿಮಾನನಿಲ್ದಾಣದ ಬಗ್ಗೆ ಕಿರುಚಿತ್ರ ತೆಗೆಯುವುದಾದರೆ, ಕ್ಯಾಮೆರಾವನ್ನು ಬಾಗಿಲ ಹೊರಗೇ ಇಡಲಿ; ಆ ಮೂರು ಗಂಟೆಗಳ ಕಾಲ ಇಡಲಿ.