ಮಾತಿನ ನಟನ ಮೂಕಿ ಪರ್ವ: ಗುಬ್ಬಿ ವೀರಣ್ಣನವರ ಆರಂಭದ ಚಲನಚಿತ್ರಗಳು

ಗುಬ್ಬಿ ವೀರಣ್ಣನವರ ಹೆಸರು ಕನ್ನಡ ವೃತ್ತಿರಂಗಭೂಮಿಯ ಇತಿಹಾಸದೊಂದಿಗೆ ಎಷ್ಟು ಗಾಢವಾಗಿ ಬೆಸೆದುಕೊಂಡಿದೆಯೆಂದರೆ, 1930ರ ದಶಕದ ಆರಂಭದಲ್ಲಿ ಅವರು ಮೂಕಿ ಚಿತ್ರಗಳನ್ನು, ಅಂದರೆ ಧ್ವನಿಮುದ್ರಣವಿಲ್ಲದೆ ಕೇವಲ ಚಲಿಸುವ ಬಿಂಬಗಳಿಂದ ಕಥೆ ಹೇಳುತ್ತಿದ್ದ ಚಿತ್ರಗಳನ್ನು, ನಿರ್ಮಿಸಿ ಅವುಗಳಲ್ಲಿ ಅಭಿನಯಿಸಿದ ಸಂಗತಿ ಅವರ ಜೀವನಚರಿತ್ರೆಯಲ್ಲಿ ಒಂದು ಅಡಿಟಿಪ್ಪಣಿಯಂತೆ ಉಳಿದುಬಿಟ್ಟಿದೆ. ಆ ಅಲ್ಪಾವಧಿಯ ಸಾಹಸಕ್ಕೆ ಇದಕ್ಕಿಂತ ದೊಡ್ಡ ಸ್ಥಾನ ಸಲ್ಲಬೇಕು. ಏಕೆಂದರೆ ಮಾತು ಮತ್ತು ಹಾಡುಗಳನ್ನೇ ನೆಚ್ಚಿದ್ದ ಕಂಪನಿ ನಾಟಕದ ನಟನೊಬ್ಬ ಅವೆರಡನ್ನೂ ಬಿಟ್ಟುಕೊಟ್ಟು ಶರೀರವೊಂದರಿಂದಲೇ ಪ್ರೇಕ್ಷಕರ ಮುಂದೆ ನಿಂತ ಅಪರೂಪದ ಪ್ರಯೋಗ ಅದು.

ವೀರಣ್ಣನವರು ಹುಟ್ಟಿದ್ದು 1891ರಲ್ಲಿ. ಅವರು ಬಾಲ್ಯದಲ್ಲೇ ಸೇರಿ ಮುಂದೆ ಒಡೆಯರಾದ ಗುಬ್ಬಿಯ ಚನ್ನಬಸವೇಶ್ವರ ನಾಟಕ ಸಂಘವು 1884ರಲ್ಲಿ ಆರಂಭವಾಗಿತ್ತು. ಹಾಸ್ಯ ಅವರ ಜೀವಾಳ. ‘ಸದಾರಮೆ’ ನಾಟಕದ ಕಳ್ಳನ ಪಾತ್ರ ಅವರಿಗೆ ನಾಡಿನಾದ್ಯಂತ ಹೆಸರು ತಂದಿತು. ಕನ್ನಡದ ಜೊತೆಗೆ ತೆಲುಗಿನಲ್ಲಿಯೂ ನಾಟಕಗಳನ್ನಾಡಿದ ಅವರಿಗೆ ‘ಕರ್ನಾಟಕಾಂಧ್ರ ನಾಟಕ ಸಾರ್ವಭೌಮ’ ಎಂಬ ಬಿರುದು ಸಂದದ್ದು, ಎರಡೂ ಭಾಷೆಗಳು ಕೂಡಿ ಬಾಳುವ ಬಳ್ಳಾರಿ ಸೀಮೆಯ ಜನರಿಗೆ ವಿಶೇಷ ಅರ್ಥವುಳ್ಳ ಮಾತು.

ಬೆಂಗಳೂರಿನಲ್ಲಿ ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ ಎಂಬ ಸಂಸ್ಥೆಯನ್ನು ಕಟ್ಟಿದ ವೀರಣ್ಣನವರು ಬೆಲ್ಜಿಯಂ ಮೂಲದ ರಾಫೆಲ್ ಆಲ್ಗೋಟ್ ಅವರಿಂದ ‘ಹಿಸ್ ಲವ್ ಅಫೇರ್’ (1931) ಎಂಬ ಚಿತ್ರವನ್ನೂ ವೈ.ವಿ. ರಾವ್ ಅವರಿಂದ ‘ಹರಿಮಾಯಾ’ (1932) ಎಂಬ ಚಿತ್ರವನ್ನೂ ನಿರ್ದೇಶನ ಮಾಡಿಸಿ, ತಾವು ಬಂಡವಾಳ ಮತ್ತು ಅಭಿನಯಗಳ ಭಾರ ಹೊತ್ತರು. ಮೊದಲನೆಯ ಚಿತ್ರದಲ್ಲಿ ನಟಿ ಬಿ. ಜಯಮ್ಮನವರೂ ಅಭಿನಯಿಸಿದರು. ಇದೇ ವೈ.ವಿ. ರಾವ್ ಮುಂದೆ 1934ರಲ್ಲಿ ಕನ್ನಡದ ಮೊದಲ ವಾಕ್ಚಿತ್ರವಾಗಿ ತೆರೆಕಂಡ ‘ಸತಿ ಸುಲೋಚನಾ’ವನ್ನು ನಿರ್ದೇಶಿಸಿದರು.

ಮೂಕಿ ಚಿತ್ರದ ನಟನಿಗಿದ್ದ ಕಟ್ಟುಪಾಡುಗಳನ್ನು ಇಂದಿನವರು ಊಹಿಸುವುದು ಸುಲಭವಲ್ಲ. ಚಿತ್ರೀಕರಣ ಬಹುಮಟ್ಟಿಗೆ ಸೂರ್ಯನ ಬೆಳಕನ್ನೇ ಅವಲಂಬಿಸಿದ್ದು, ನೆರಳು ಬಿದ್ದ ಕಡೆಗೆ ಬೆಳಕನ್ನು ತಿರುಗಿಸಲು ಹೊಳೆಯುವ ಹಲಗೆಗಳನ್ನು ಹಿಡಿಯಬೇಕಾಗುತ್ತಿತ್ತು. ಆ ಕಾಲದಲ್ಲಿ ಹೆಚ್ಚು ಬಳಕೆಯಲ್ಲಿದ್ದ ಆರ್ಥೋಕ್ರೋಮ್ಯಾಟಿಕ್ ಫಿಲಂ, ಅಂದರೆ ಕೆಂಪು ಬಣ್ಣವನ್ನು ಗ್ರಹಿಸದ ಫಿಲಂ, ತುಟಿಯ ಕೆಂಪನ್ನು ಕಪ್ಪಾಗಿಯೂ ನೀಲಿಯನ್ನು ಬಿಳಿಚಾಗಿಯೂ ತೋರಿಸುತ್ತಿದ್ದುದರಿಂದ ರಂಗದ ಮೇಲಿನ ಬಣ್ಣಗಾರಿಕೆ ಅಲ್ಲಿ ನಡೆಯುತ್ತಿರಲಿಲ್ಲ. ಸಂಭಾಷಣೆಯ ಸ್ಥಾನದಲ್ಲಿ ದೃಶ್ಯಗಳ ನಡುವೆ ಬರುತ್ತಿದ್ದ ಬರಹದ ಫಲಕಗಳನ್ನು ಓದಬಲ್ಲವರು ಕಡಿಮೆಯಿದ್ದುದರಿಂದ ಪರದೆಯ ಪಕ್ಕದಲ್ಲಿ ನಿಂತು ಕಥೆ ಹೇಳುವವನನ್ನು ನೇಮಿಸುವ ಪದ್ಧತಿ ಅನೇಕ ಕಡೆ ಇತ್ತು. ಎಲ್ಲಕ್ಕಿಂತ ಮಿಗಿಲಾಗಿ, ಪ್ರೇಕ್ಷಕರ ನಗು ಏಳುವುದನ್ನು ಕಾದು ಮುಂದಿನ ಮಾತನ್ನು ಹಿಗ್ಗಿಸುವ ಅಥವಾ ಕುಗ್ಗಿಸುವ ಹಾಸ್ಯನಟನಿಗೆ ಕ್ಯಾಮೆರಾದ ಮುಂದೆ ಆ ಆಸರೆಯೇ ಇರಲಿಲ್ಲ.

ಅದೇ ಬಳ್ಳಾರಿ ಸೀಮೆಯ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳ ಪ್ರೇಕ್ಷಕ ಪರಂಪರೆಯನ್ನು ಬಲ್ಲವರಿಗೆ ಇಲ್ಲಿ ಇನ್ನೊಂದು ಎಳೆ ಕಾಣುತ್ತದೆ. ದೊಡ್ಡಾಟದ ಜೊತೆಗೆ ತೊಗಲುಗೊಂಬೆಯಾಟವೂ ಬೆಳೆದ ಸೀಮೆಯಿದು. ಬೆಳಕಿಗೆ ಅಡ್ಡಲಾಗಿ ಹಿಡಿದ ಚರ್ಮದ ಗೊಂಬೆಗಳ ಬಿಂಬ ಬಿಳಿಯ ಪರದೆಯ ಮೇಲೆ ಆಡುತ್ತಿರುವಾಗ ಅವುಗಳ ಮಾತನ್ನು ಮೇಳದವರು ಆಡುವ ಈ ಕಲೆಯಲ್ಲಿ, ಬಿಂಬ ಬೇರೆ, ಧ್ವನಿ ಬೇರೆ ಎಂಬ ವ್ಯವಸ್ಥೆ ಸಿನಿಮಾ ಬರುವುದಕ್ಕೆ ಎಷ್ಟೋ ಮೊದಲೇ ನೆಲೆಗೊಂಡಿತ್ತು. ಕೊಟ್ಟೂರೇಶ್ವರನ ರಥೋತ್ಸವದಂಥ ಜಾತ್ರೆಗಳಲ್ಲಿ ನಾಟಕ ಕಂಪನಿಗಳು ಕ್ಯಾಂಪ್ ಹಾಕುವ ರೂಢಿಯೂ ಸೇರಿ, ಮೂಕಿಯ ನಟನನ್ನು ಅರ್ಥಮಾಡಿಕೊಳ್ಳಬಲ್ಲ ಕಣ್ಣು ಇಲ್ಲಿನವರಿಗೆ ಸಿದ್ಧವಾಗಿಯೇ ಇತ್ತೆನ್ನಬಹುದು. ಆದರೆ 1953ರವರೆಗೆ ಈ ತಾಲ್ಲೂಕುಗಳು ಮದರಾಸು ಆಡಳಿತಕ್ಕೆ ಸೇರಿದ್ದವು. ಮೈಸೂರು ಸಂಸ್ಥಾನದ ಬೆಂಗಳೂರಿನಲ್ಲಿ ತಯಾರಾದ ಚಿತ್ರ 1918ರ ಸಿನಿಮಾಟೋಗ್ರಾಫ್ ಕಾಯಿದೆಯ ಪ್ರಕಾರ ಪ್ರಮಾಣಪತ್ರ ಪಡೆದ ಮೇಲಷ್ಟೇ ಇಲ್ಲಿ ಪ್ರದರ್ಶನಕ್ಕೆ ಅರ್ಹವಾಗುತ್ತಿತ್ತು. ಒಂದೇ ಭಾಷೆಯ ಜನರ ನಡುವೆ ರಾಜ್ಯದ ಗಡಿಯೊಂದು ಅಡ್ಡವಾಗಿತ್ತು.

ವೀರಣ್ಣನವರ ಮೂಕಿ ಚಿತ್ರಗಳಿಗೆ ದೊಡ್ಡ ಪೆಟ್ಟು ಕೊಟ್ಟದ್ದು ಕಾಲ. 1931ರ ಮಾರ್ಚ್‌ನಲ್ಲಿ ಮುಂಬಯಿಯಲ್ಲಿ ‘ಆಲಂ ಆರಾ’ ವಾಕ್ಚಿತ್ರ ತೆರೆಕಂಡು, ಅದೇ ವರ್ಷದ ಅಕ್ಟೋಬರ್‌ನಲ್ಲಿ ‘ಕಾಳಿದಾಸ್’ ದಕ್ಷಿಣದ ಭಾಷೆಗಳನ್ನು ಪರದೆಯ ಮೇಲೆ ಆಡಿಸಿದ ನಂತರ ಮೂಕ ಬಿಂಬಕ್ಕೆ ಹಣ ತೆರುವವರು ಕಡಿಮೆಯಾಗತೊಡಗಿದರು. ನಾಟಕದಲ್ಲಿ ಗಳಿಸಿದ್ದನ್ನು ಸಿನಿಮಾಕ್ಕೆ ಸುರಿಯುವ ಧೈರ್ಯವನ್ನು ಮಾತ್ರ ಅವರು ಬಿಡಲಿಲ್ಲ. ‘ಸದಾರಮೆ’ (1935), ‘ಜೀವನ ನಾಟಕ’ (1942), ‘ಹೇಮರೆಡ್ಡಿ ಮಲ್ಲಮ್ಮ’ (1946) ಒಂದರ ಹಿಂದೊಂದು ಬಂದವು. 1954ರ ‘ಬೇಡರ ಕಣ್ಣಪ್ಪ’ದಲ್ಲಿ ವೀರಣ್ಣನವರ ಗುಬ್ಬಿ ಕಂಪನಿಯಲ್ಲಿ ಪಳಗಿದ ಯುವಕನೊಬ್ಬ ನಾಯಕನಾಗಿ ರಾಜ್‌ಕುಮಾರ್ ಎಂಬ ಹೆಸರು ಪಡೆದ. 1972ರಲ್ಲಿ ವೀರಣ್ಣನವರು ತೀರಿಕೊಳ್ಳುವ ಹೊತ್ತಿಗೆ ಕನ್ನಡ ಚಿತ್ರರಂಗ ಗಟ್ಟಿಯಾಗಿ ನೆಲೆಯೂರಿತ್ತು.

ಭಾರತದಲ್ಲಿ ತಯಾರಾದ ಸಾವಿರಕ್ಕೂ ಹೆಚ್ಚು ಮೂಕಿ ಚಿತ್ರಗಳಲ್ಲಿ ಉಳಿದಿರುವುದು ಅತ್ಯಲ್ಪ. ಬೇಗ ಹೊತ್ತಿಕೊಳ್ಳುವ, ಇಟ್ಟಲ್ಲೇ ಪುಡಿಯಾಗುವ ನೈಟ್ರೇಟ್ ಫಿಲಂ ಈ ನಷ್ಟಕ್ಕೆ ಮುಖ್ಯ ಕಾರಣ. ಹೀಗಿರುವಾಗ ಆ ಕಾಲದ ನಟರನ್ನು ಅರಿಯಲು ಕರಪತ್ರಗಳು, ಭಾವಚಿತ್ರಗಳು, ಕಂಪನಿಗಳ ಲೆಕ್ಕದ ಪುಸ್ತಕಗಳೇ ಆಧಾರ. ಜಾತ್ರೆಯ ಕ್ಯಾಂಪುಗಳಲ್ಲಿ ಹಂಚಿದ ಇಂಥ ಕಾಗದಗಳು ಈ ಐದು ಊರುಗಳ ಹಳೆಯ ಮನೆಗಳ ಅಟ್ಟದಲ್ಲಿ, ಅಂಗಡಿಗಳ ಕಡತಗಳಲ್ಲಿ ಇರಬಹುದಾದ್ದರಿಂದ, ಅವು ಗೆದ್ದಲಿನ ಪಾಲಾಗುವ ಮುನ್ನ ಇಲ್ಲಿನ ಕಾಲೇಜುಗಳ ವಿದ್ಯಾರ್ಥಿಗಳು ಮನೆಮನೆಗೆ ಹೋಗಿ ಕೇಳಿ, ಊರು ಮತ್ತು ವರ್ಷಗಳನ್ನು ಗುರುತಿಸಿ, ಪ್ರತಿ ಮಾಡಿಸಿ ಗ್ರಂಥಾಲಯಗಳಿಗೆ ಒಪ್ಪಿಸುವ ಕೆಲಸ ಕೂಡಲೇ ಆಗಬೇಕು.