ಗಿಡ್ಡ ಜೀಪನ್ನು ಕೊಳ್ಳುವ ಮುನ್ನ

ಜೀಪು ಎಂಬ ಮಾತಿಗೆ ಪಟ್ಟಣದಲ್ಲಿ ಒಂದು ಅರ್ಥ, ಮಲೆನಾಡಿನಲ್ಲಿ ಇನ್ನೊಂದು. ಪಟ್ಟಣದವರಿಗೆ ಅದು ಹಲವು ವಾಹನಗಳಲ್ಲಿ ಒಂದು. ಗುಡ್ಡದ ಮಗ್ಗುಲಿನ ಒಂಟಿಮನೆಯವರಿಗಾದರೋ, ಮಳೆ ಹಿಡಿದ ತಿಂಗಳುಗಳಲ್ಲಿ ಮನೆಗೂ ಊರಿಗೂ ನಂಟು ಉಳಿಯುವುದು ಅದೊಂದರಿಂದಲೇ. ಅಡಕೆ ಮೂಟೆ ಇಳಿಯುವುದು, ಗೊಬ್ಬರದ ಚೀಲ ಏರುವುದು, ಬಾಣಂತಿ ತವರಿಗೆ ಬರುವುದು, ಕಾಯಿಲೆಯವರು ಆಸ್ಪತ್ರೆಗೆ ಹೋಗುವುದು ಎಲ್ಲವೂ ಅದರಲ್ಲಿಯೇ. ಆಗುಂಬೆಯ ಸುತ್ತ ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಮಿಕ್ಕಿ ಮಳೆ ಸುರಿಯುತ್ತದೆ. ಅಂತಹ ಸೀಮೆಯ ಕೆಮ್ಮಣ್ಣಿನ ಏರಿನಲ್ಲಿ ನಗರದ ನುಣುಪು ಕಾರುಗಳು ಮೊದಲ ತಿರುವಿನಲ್ಲಿಯೇ ಸೋಲೊಪ್ಪುತ್ತವೆ.

ಇಂದಿನ ನನ್ನ ಮಾತು ಅಂತಹ ಜೀಪನ್ನು, ಅದರಲ್ಲಿಯೂ ಗಿಡ್ಡ ಜೀಪನ್ನು, ಇನ್ನೊಬ್ಬರ ಕೈಯಿಂದ ಕೊಳ್ಳುವುದನ್ನು ಕುರಿತದ್ದು. ಕನ್ನಡ ಪಾಠ ಹೇಳಿದವನಿಗೆ ಜೀಪಿನ ಗೊಡವೆ ಏಕೆ ಎಂದು ಕೆಲವರು ನಕ್ಕಾರು. ಮಲೆನಾಡಿನ ಕಾಲೇಜೊಂದರಲ್ಲಿ ಮೂರು ದಶಕ ಪಾಠ ಹೇಳಿದೆ. ಅದರಲ್ಲಿ ಇಪ್ಪತ್ತು ವರ್ಷ ಇಂತಹದೊಂದು ಗಿಡ್ಡ ಜೀಪಿನಲ್ಲಿಯೇ ತರಗತಿಗೆ ಹೋಗಿ ಬಂದೆ. ಅಧಿಕಾರ ಅಷ್ಟೇ.

ಗಿಡ್ಡ ಎಂದರೆ ಎಷ್ಟು ಗಿಡ್ಡ? ಮುಂಗಾಲಿಯ ಅಚ್ಚಿಗೂ ಹಿಂಗಾಲಿಯ ಅಚ್ಚಿಗೂ ನಡುವಣ ದೂರವನ್ನು ಇಲ್ಲಿ ಅಳೆಯಬೇಕು. ಮೂಲ ಜೀಪಿನಲ್ಲಿ ಅದು ಎಂಬತ್ತು ಅಂಗುಲ, ಎಂದರೆ ಎರಡು ಮೀಟರಿಗಿಂತ ಕೊಂಚ ಹೆಚ್ಚು. 1940ರಲ್ಲಿ ಅಮೆರಿಕದ ಸೇನೆ ಹಗುರವಾದ, ನಾಲ್ಕೂ ಗಾಲಿಗೆ ಬಲ ಕೊಡುವ ಒಂದು ವಾಹನವನ್ನು ಬೇಡಿತು. ಬ್ಯಾಂಟಮ್ ಎಂಬ ಸಣ್ಣ ಕಂಪನಿ ಮೊದಲ ಮಾದರಿಯನ್ನು ಕಟ್ಟಿಕೊಟ್ಟಿತು. ದೊಡ್ಡ ಪ್ರಮಾಣದಲ್ಲಿ ತಯಾರಿಸುವ ಕೆಲಸ ಮಾತ್ರ ವಿಲ್ಲಿಸ್ ಮತ್ತು ಫೋರ್ಡ್ ಕಂಪನಿಗಳ ಪಾಲಾಯಿತು. 1945ರಲ್ಲಿ ಯುದ್ಧ ಮುಗಿಯುವ ಹೊತ್ತಿಗೆ ಆರು ಲಕ್ಷಕ್ಕೂ ಮೀರಿದ ಜೀಪುಗಳು ಹೊರಬಿದ್ದಿದ್ದವು. ಸ್ವಾತಂತ್ರ್ಯದ ಹೊಸತರಲ್ಲಿ ಮಹೀಂದ್ರ ಕಂಪನಿ ವಿಲ್ಲಿಸ್ ಜೀಪುಗಳನ್ನು ಮುಂಬಯಿಯಲ್ಲಿ ಜೋಡಿಸತೊಡಗಿತು. ಮುಂದೆ ನಮ್ಮ ಊರುಗಳಲ್ಲಿ ಮನೆಮಾತಾದದ್ದು ಬಾನೆಟ್ ಎತ್ತರವಾಗಿರುವ ಸಿ.ಜೆ. 3ಬಿ ಎಂಬ ಮಾದರಿ. ಅದರ ಎಂಜಿನ್ನಿನ ತಲೆಯಲ್ಲಿಯೇ ಕವಾಟಗಳನ್ನು ಇರಿಸಿದ್ದರಿಂದ ಎಂಜಿನ್ನು ಎತ್ತರವಾಯಿತು, ಅದನ್ನು ಮುಚ್ಚಲು ಬಾನೆಟ್ಟೂ ಎತ್ತರವಾಯಿತು. ಆದರೆ ಅಚ್ಚುಗಳ ನಡುವಣ ಎಂಬತ್ತು ಅಂಗುಲ ಹಾಗೆಯೇ ಉಳಿಯಿತು. ಬಳಿಕ ಬಂದ ವಾಹನಗಳು ಉದ್ದವಾಗುತ್ತ ನಡೆದವು. 1985ರ ಕೊನೆಯಲ್ಲಿ ಬಂದ ಮಾರುತಿ ಜಿಪ್ಸಿಯ ಅಳತೆಯೇ ತೊಂಬತ್ತಮೂರು ಅಂಗುಲವನ್ನು ದಾಟುತ್ತದೆ. ಎಂಬತ್ತು ಅಂಗುಲದ ಜೀಪು ಈಗ ನಮ್ಮಲ್ಲಿ ಹೊಸದಾಗಿ ತಯಾರಾಗುವುದಿಲ್ಲ. ಬೇಕೆಂದವರು ಹಳೆಯದನ್ನೇ ಅರಸಬೇಕು.

ಗಿಡ್ಡತನದಿಂದ ಬರುವ ಗುಣ ಎಂತಹದು? ದಾರಿಯಲ್ಲಿ ಒಂದು ದಿಬ್ಬವಿದೆಯೆನ್ನಿ. ಮುಂಗಾಲಿ ಆಚೆ ಇಳಿದಿದೆ, ಹಿಂಗಾಲಿ ಇನ್ನೂ ಈಚೆ ಇದೆ. ಉದ್ದನೆಯ ವಾಹನವಾದರೆ ಹೊಟ್ಟೆ ದಿಬ್ಬದ ಮೇಲೆ ಕೂತುಬಿಡುತ್ತದೆ. ಗಿಡ್ಡ ಜೀಪು ದಾಟಿಹೋಗುತ್ತದೆ. ತೋಟದ ದಾರಿಯ ಮೊಣಕೈಯಂತಹ ತಿರುವಿನಲ್ಲಿ ಉದ್ದ ವಾಹನ ಎರಡು ಮೂರು ಸಲ ಹಿಂದೆ ಮುಂದೆ ಆಡಬೇಕಾದಲ್ಲಿ ಇದು ಒಂದೇ ಸುತ್ತಿಗೆ ತಿರುಗುತ್ತದೆ. ಗುಣ ಬಂದ ದಾರಿಯಲ್ಲಿಯೇ ದೋಷವೂ ಬಂದಿದೆ. ಅಚ್ಚುಗಳು ಹತ್ತಿರವಿರುವುದರಿಂದ ಹೆದ್ದಾರಿಯ ವೇಗದಲ್ಲಿ ಅದು ತೊಟ್ಟಿಲಿನಂತೆ ಮುಂದೆ ಹಿಂದೆ ತೂಗುತ್ತದೆ. ಒದ್ದೆ ರಸ್ತೆಯಲ್ಲಿ ಥಟ್ಟನೆ ಬ್ರೇಕು ಒತ್ತಿದರೆ ಹಿಂಭಾಗ ಪಕ್ಕಕ್ಕೆ ಜಾರುವುದು ಬೇಗ. ಹಿಂದೆ ಹತ್ತು ಜನರನ್ನು ತುಂಬಿ ಕಡಿದಾದ ಏರು ಹತ್ತಿಸಿದರೆ ಮುಂಗಾಲಿಯ ಮೇಲಿನ ಭಾರ ಹಗುರವಾಗಿ ಸ್ಟೇರಿಂಗು ಹಿಡಿತಕ್ಕೆ ಸಿಕ್ಕದಂತಾಗುತ್ತದೆ. ಆದ್ದರಿಂದ ಮೊದಲ ಪ್ರಶ್ನೆಯನ್ನು ಕೊಳ್ಳುವವನು ತನ್ನನ್ನೇ ಕೇಳಿಕೊಳ್ಳಬೇಕು: ನನ್ನ ದಾರಿ ಯಾವುದು? ದಿನವೂ ಹೆದ್ದಾರಿಯಲ್ಲಿ ಅರವತ್ತು ಮೈಲಿ ಓಡಾಡುವವನಿಗೆ ಈ ಜೀಪು ತಕ್ಕದ್ದಲ್ಲ.

ನಮ್ಮ ಹಿರಿಯರು ದನದ ಜಾತ್ರೆಯಲ್ಲಿ ಎತ್ತು ಕೊಳ್ಳುತ್ತಿದ್ದ ಬಗೆಯನ್ನು ನೆನೆಯಿರಿ. ಮಾರುವವನು ಕೊಂಬಿಗೆ ಬಣ್ಣ ಹಚ್ಚಿ, ಕೊರಳಿಗೆ ಗಂಟೆ ಕಟ್ಟಿ ನಿಲ್ಲಿಸಿರುತ್ತಿದ್ದ. ಕೊಳ್ಳುವ ರೈತ ಕೊಂಬನ್ನು ನೋಡುತ್ತಲೇ ಇರಲಿಲ್ಲ. ಬಾಯಿ ಬಿಡಿಸಿ ಹಲ್ಲೆಣಿಸುತ್ತಿದ್ದ, ಗೊರಸನ್ನು ಎತ್ತಿ ನೋಡುತ್ತಿದ್ದ, ಹೆಗಲನ್ನು ಒತ್ತಿ ಹುಣ್ಣಿನ ಗುರುತನ್ನು ಅರಸುತ್ತಿದ್ದ, ನಾಲ್ಕು ಹೆಜ್ಜೆ ನಡೆಸಿ ನೋಡುತ್ತಿದ್ದ. ಹಳೆಯ ಜೀಪಿನ ವಿಷಯದಲ್ಲಿಯೂ ಇದಕ್ಕಿಂತ ಹೆಚ್ಚಿನ ಶಾಸ್ತ್ರವಿಲ್ಲ. ಮಾರುವವನು ಮೊದಲು ಬಣ್ಣ ತೋರಿಸುತ್ತಾನೆ, ಆಮೇಲೆ ಟಯರು, ಆಮೇಲೆ ಎಂಜಿನ್ನಿನ ಸದ್ದು. ಅಡಿಯನ್ನು ಅವನು ತಾನಾಗಿ ತೋರಿಸುವುದಿಲ್ಲ. ಕೊಳ್ಳುವವನು ಈ ಕ್ರಮವನ್ನು ತಲೆಕೆಳಗು ಮಾಡಬೇಕು. ಸುಲಭವಾಗಿ ಬದಲಾಯಿಸಬಹುದಾದುದನ್ನು ಕಡೆಗೆ ನೋಡಬೇಕು. ಬದಲಾಯಿಸಲು ಬಾರದುದನ್ನು ಮೊದಲು ನೋಡಬೇಕು.

ಬದಲಾಯಿಸಲು ಬಾರದ್ದು ಚಾಸಿ. ಎರಡು ಉದ್ದನೆಯ ಉಕ್ಕಿನ ತೊಲೆಗಳು, ಅವನ್ನು ಕೂಡಿಸುವ ಅಡ್ಡಪಟ್ಟಿಗಳು. ಉಳಿದುದೆಲ್ಲ ಅದರ ಮೇಲೆ ನಿಂತದ್ದು. ತೊಲೆಗಳ ಒಳಗೆ ಕೆಸರು ಸೇರಿ ವರ್ಷಗಟ್ಟಲೆ ಒಣಗದೆ ಕೂತರೆ ತುಕ್ಕು ಒಳಗಿನಿಂದ ತಿನ್ನುತ್ತದೆ. ಕರಾವಳಿಯಲ್ಲಿ ಓಡಿದ ಜೀಪಿಗೆ ಉಪ್ಪುಗಾಳಿಯ ಕಾಟವೂ ಸೇರುತ್ತದೆ. ಸ್ಪ್ರಿಂಗ್ ಪ್ಲೇಟುಗಳನ್ನು ಚಾಸಿಗೆ ಸಿಕ್ಕಿಸಿರುವ ಜಾಗಗಳಲ್ಲಿ ಸಣ್ಣ ಸುತ್ತಿಗೆಯಿಂದ ತಟ್ಟಿ ನೋಡಬೇಕು. ಗಟ್ಟಿ ಉಕ್ಕು ಗಂಟೆಯಂತೆ ನುಡಿಯುತ್ತದೆ, ತಿಂದುಹೋದದ್ದು ಮಂಕಾಗಿ ಸದ್ದು ಮಾಡುತ್ತದೆ.

ಆಮೇಲೆ ಗಾಲಿ. ಮುಂಭಾಗವನ್ನು ಜಾಕಿಯ ಮೇಲೆ ಎತ್ತಿ, ಗಾಲಿಯನ್ನು ಮೇಲೂ ಕೆಳಗೂ ಹಿಡಿದು ಅಲುಗಿಸಬೇಕು. ಕಟಕಟ ಎಂದರೆ ಬೇರಿಂಗೋ ಕಿಂಗ್‌ಪಿನ್ನೋ ಸವೆದಿದೆ. ಹಳೆಯ ಜೀಪುಗಳಲ್ಲಿ ನಾಲ್ಕೂ ಗಾಲಿಯ ಬ್ರೇಕಿಗೆ ಎಣ್ಣೆಯ ದಾರಿ ಒಂದೇ. ಎಲ್ಲಿಯಾದರೂ ಒಂದು ಕೊಳವೆ ಒಡೆದರೆ ನಾಲ್ಕೂ ಒಟ್ಟಿಗೆ ಕೈಕೊಡುತ್ತವೆ. ಬ್ರೇಕಿನ ಪೆಡಲನ್ನು ಒಂದು ನಿಮಿಷ ಒತ್ತಿ ಹಿಡಿದು, ಅದು ಮೆಲ್ಲನೆ ಕೆಳಗೆ ಇಳಿಯುತ್ತದೆಯೇ ಎಂದು ಗಮನಿಸಬೇಕು. ಕೈಬ್ರೇಕನ್ನು ಏರಿನಲ್ಲಿ ನಿಲ್ಲಿಸಿಯೇ ಪರೀಕ್ಷಿಸಬೇಕು.

ಆಮೇಲೆ ನಾಲ್ಕು ಗಾಲಿಯ ಬಲ. ನಮ್ಮಲ್ಲಿ ಹಿಂಗಾಲಿಗೆ ಮಾತ್ರ ಬಲವಿರುವ ಜೀಪುಗಳೂ ಬಹಳ ಮಾರಾಟವಾಗಿವೆ. ನೋಟಕ್ಕೆ ಎರಡೂ ಒಂದೇ. ಕೆಲವದರಲ್ಲಿ ಮುಂದಿನ ಪ್ರೊಪೆಲ್ಲರ್ ಶಾಫ್ಟನ್ನೇ ಕಳಚಿ ಇಟ್ಟಿರುತ್ತಾರೆ. ಒಳಗೆ ಲಿವರು ಮಾತ್ರ ಶೋಭೆಗೆ ನಿಂತಿರುತ್ತದೆ. ಆದ್ದರಿಂದ ಕೆಸರಿನ ಗದ್ದೆಯಂಚಿಗೆ ಒಯ್ದು, ಫೋರ್‌ವೀಲ್ ಹಾಕಿ, ಮುಂಗಾಲಿಗಳು ಎಳೆಯುತ್ತವೆಯೇ ಎಂದು ಕಣ್ಣಾರೆ ಕಾಣಬೇಕು. ಒಣಗಿದ ಟಾರು ರಸ್ತೆಯಲ್ಲಿ ಈ ಪರೀಕ್ಷೆ ಸಲ್ಲದು. ತಿರುವಿನಲ್ಲಿ ಮುಂದಿನ ಅಚ್ಚೂ ಹಿಂದಿನ ಅಚ್ಚೂ ಬೇರೆ ಬೇರೆ ದೂರ ಕ್ರಮಿಸಬೇಕಾಗುತ್ತದೆ. ಎರಡನ್ನೂ ಬಿಗಿದು ಕಟ್ಟಿದಾಗ ಗಾಲಿ ಜಾರಲು ಕೆಸರಿಲ್ಲದಿದ್ದರೆ ಹಲ್ಲುಚಕ್ರಗಳ ಮೇಲೆ ಒತ್ತಡ ಬೀಳುತ್ತದೆ. ಇಳಿಜಾರಿನಲ್ಲಿ ಆಕ್ಸಿಲರೇಟರಿನಿಂದ ಕಾಲು ತೆಗೆದಾಗ ಗೇರು ತಾನಾಗಿ ಕಳಚಿಕೊಂಡರೆ, ಆ ಜೀಪು ಘಾಟಿಗೆ ಆಗದು.

ಎಂಜಿನ್ನನ್ನು ಕಡೆಗೆ ಹೇಳುತ್ತಿದ್ದೇನೆ; ಅದನ್ನು ಬಿಚ್ಚಿ ಕಟ್ಟುವವರು ತಾಲ್ಲೂಕಿಗೊಬ್ಬರಾದರೂ ಇದ್ದಾರೆ. ಬೆಳಗಿನ ಹೊತ್ತು, ಎಂಜಿನ್ನು ತಣ್ಣಗಿರುವಾಗ ಹೋಗಬೇಕು. ಬಾನೆಟ್ಟಿನ ಮೇಲೆ ಕೈಯಿಟ್ಟು, ಬೆಚ್ಚಗಿದ್ದರೆ ಮೊದಲೇ ಚಾಲೂ ಮಾಡಿಟ್ಟಿದ್ದಾರೆ ಎಂದು ತಿಳಿಯಬೇಕು. ನೀಲಿ ಹೊಗೆ ಎಣ್ಣೆ ಉರಿಯುವುದರ ಗುರುತು. ಕಾದ ಮೇಲೂ ಬಿಡದ ದಟ್ಟ ಬಿಳಿ ಹೊಗೆಯಿದ್ದು, ರೇಡಿಯೇಟರಿನ ನೀರೂ ದಿನದಿನಕ್ಕೆ ಇಳಿಯುತ್ತಿದ್ದರೆ, ನೀರು ಒಳಗೆ ಸೋರುತ್ತಿದೆಯೆಂದು ಶಂಕಿಸಬೇಕು.

ನಾಲ್ಕಾರು ವರ್ಷಗಳ ಕೆಳಗೆ ನನ್ನ ಹಳೆಯ ವಿದ್ಯಾರ್ಥಿಯೊಬ್ಬ, ತೀರ್ಥಹಳ್ಳಿ ಸೀಮೆಯ ಅಡಕೆ ತೋಟದವನು, "ಮೇಷ್ಟ್ರೇ, ಒಂದು ಜೀಪು ನೋಡಲು ಬರಬೇಕು" ಎಂದು ಕರೆದ. ಅವನ ಮನೆ ಎರಡು ಹಳ್ಳಗಳ ಆಚೆ. ತಂದೆಗೆ ವಾರಕ್ಕೆರಡು ಬಾರಿ ಶಿವಮೊಗ್ಗದಲ್ಲಿ ಡಯಾಲಿಸಿಸ್ ಆಗಬೇಕಿತ್ತು. ಮಳೆಗಾಲ ಎರಡು ತಿಂಗಳ ದೂರದಲ್ಲಿತ್ತು. ನಾವು ಕಂಡ ಜೀಪು ಮಿಲಿಟರಿ ಹಸಿರು ಬಣ್ಣದಲ್ಲಿ ಮದುವಣಿಗನಂತೆ ನಿಂತಿತ್ತು. "ಸೇನೆಯ ಹರಾಜಿನದು" ಎಂದ ದಲ್ಲಾಳಿ. ಹರಾಜಿನ ಕಾಗದ ಕೇಳಿದರೆ ತೋರಿಸಲಿಲ್ಲ. ಜೊತೆಗೆ ಬಂದ ಮೆಕ್ಯಾನಿಕ್ ಅಡಿಯಲ್ಲಿ ಮಲಗಿ, ಹಿಂದಿನ ಸ್ಪ್ರಿಂಗಿನ ಬಳಿ ಹೊಸದಾಗಿ ಬೆಸೆದ ತಗಡೊಂದನ್ನು ಕಂಡ. ಅದರ ಪಕ್ಕದಲ್ಲಿ ಸ್ಕ್ರೂಡ್ರೈವರ್ ಒತ್ತಿದರೆ ಅದು ಚಾಸಿಯ ಒಳಗೇ ಇಳಿಯಿತು. ದಲ್ಲಾಳಿ ಥಟ್ಟನೆ ಇಪ್ಪತ್ತು ಸಾವಿರ ಇಳಿಸಿದ. ಹುಡುಗನ ಮನಸ್ಸು ಹೊಯ್ದಾಡಿತು. "ಸರ್, ಮಳೆ ಬಂದೇಬಿಡುತ್ತದೆ" ಎಂದ. "ಬೆಲೆ ಇಳಿದಿದೆಯಪ್ಪ, ಅದರಲ್ಲಿ ಕೂರುವವರ ಭಾರ ಇಳಿದಿಲ್ಲ" ಎಂದೆ. ಅವನು ಮಾತಿಲ್ಲದೆ ಹಿಂತಿರುಗಿದ. ಮಳೆಗೆ ಹತ್ತು ದಿನವಿದೆ ಎನ್ನುವಾಗ ಕೊಪ್ಪದ ಕಡೆಯ ತೋಟವೊಂದರ ಕೊಟ್ಟಿಗೆಯಲ್ಲಿ ಬಣ್ಣ ಮಾಸಿದ, ಸೀಟು ಹರಿದ ಜೀಪೊಂದು ಸಿಕ್ಕಿತು. ಚಾಸಿ ಗಂಟೆಯಂತೆ ನುಡಿಯಿತು. ಬಣ್ಣಕ್ಕೆ ಎತ್ತಿಟ್ಟ ಹಣವನ್ನು ಅವನು ಬ್ರೇಕಿಗೆ ಹಾಕಿದ. ಆ ಮಳೆಗಾಲದಲ್ಲಿ ಅವನ ತಂದೆಗೆ ಡಯಾಲಿಸಿಸ್ಸಿನ ಒಂದು ಸರದಿಯೂ ತಪ್ಪಲಿಲ್ಲ.

ಇನ್ನು ಕಾಗದಪತ್ರ. ಹಸ್ತಪ್ರತಿ ಸಂಪಾದಿಸುವವರು ಒಂದು ಪ್ರತಿ ಕೈಗೆ ಬಂದಾಗ, ಬರೆದವನಾರು, ಪ್ರತಿ ಮಾಡಿದವನಾರು, ನಡುವೆ ಸೇರಿಸಿದ ಭಾಗ ಯಾವುದು ಎಂದು ಕೇಳುತ್ತಾರೆ. ಜೀಪಿಗೂ ಅದೇ ಪ್ರಶ್ನೆಗಳು. ಆರ್.ಸಿ. ಪುಸ್ತಕದಲ್ಲಿರುವ ಚಾಸಿ ಸಂಖ್ಯೆ, ಎಂಜಿನ್ ಸಂಖ್ಯೆಗಳನ್ನು ಲೋಹದ ಮೇಲಿನ ಸಂಖ್ಯೆಯೊಡನೆ ಅಕ್ಷರಕ್ಕೆ ಅಕ್ಷರ ತಾಳೆ ನೋಡಬೇಕು. ಪೆಟ್ರೋಲ್ ಎಂಜಿನ್ನು ತೆಗೆದು ಡೀಸೆಲ್ ಕೂರಿಸಿದ ಜೀಪುಗಳು ಬಹಳವಿವೆ. ಆ ಬದಲಾವಣೆ ಪುಸ್ತಕದಲ್ಲಿ ದಾಖಲಾಗಿರಬೇಕು. 1988ರ ಮೋಟಾರು ವಾಹನಗಳ ಕಾಯ್ದೆಯ 52ನೆಯ ಕಲಮು ಮೂಲ ವಿವರಗಳನ್ನು ಮನಬಂದಂತೆ ಮಾರ್ಪಡಿಸುವುದನ್ನು ತಡೆಯುತ್ತದೆ. 2019ರ ಜನವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವೂ ಇದನ್ನು ಎತ್ತಿಹಿಡಿದಿದೆ. ಸೇನೆಯ ಹಸಿರು ಬಣ್ಣದ ವಿಷಯವನ್ನು ಹೇಳಿದೆನಷ್ಟೆ. 1989ರ ಕೇಂದ್ರ ಮೋಟಾರು ವಾಹನ ನಿಯಮಗಳ ಪ್ರಕಾರ ಆ ಬಣ್ಣ ರಕ್ಷಣಾ ಇಲಾಖೆಯ ವಾಹನಗಳಿಗೇ ಮೀಸಲು. ಖಾಸಗಿ ವಾಹನದ ನೋಂದಣಿಗೆ ಹದಿನೈದು ವರ್ಷದ ಅವಧಿ. ಅನಂತರ ತಪಾಸಣೆಗೆ ಒಡ್ಡಿ ಐದೈದು ವರ್ಷಕ್ಕೆ ನವೀಕರಿಸಬೇಕು. ನವೀಕರಣ ತಪ್ಪಿದ ಜೀಪು ಅಗ್ಗವಾಗಿ ಕಂಡೀತು. ಬಾಕಿಯನ್ನು ಕೂಡಿಸಿದ ಮೇಲೆ ಅಲ್ಲವೆನಿಸೀತು.

ಮಾರುವವರೂ ಇಲ್ಲಿ ಕಿವಿಗೊಡಬೇಕು. ಹಣ ಎಣಿಸಿಕೊಂಡು ಕೀಲಿ ಕೊಟ್ಟೊಡನೆ ಋಣ ಹರಿಯಿತೆಂದು ನಂಬುವವರು ನಮ್ಮಲ್ಲಿ ಹೆಚ್ಚು. ಕಾಯ್ದೆ ಹಾಗೆ ಹೇಳುವುದಿಲ್ಲ. ಒಂದೇ ರಾಜ್ಯದೊಳಗಿನ ಮಾರಾಟವಾದರೆ ಮಾರಿದವನು ಹದಿನಾಲ್ಕು ದಿನಗಳಲ್ಲಿ, ಕೊಂಡವನು ಮೂವತ್ತು ದಿನಗಳಲ್ಲಿ ಆರ್.ಟಿ.ಓ. ಕಛೇರಿಗೆ ತಿಳಿಸಬೇಕು. ಹಾಗೆ ಮಾಡದೆ ಹೆಸರು ಹಳೆಯವನದೇ ಉಳಿದರೆ, ಅಪಘಾತದ ಪರಿಹಾರದ ಹೊಣೆ ನೋಂದಣಿಯಲ್ಲಿ ಹೆಸರಿರುವವನದೇ ಎಂದು ಸರ್ವೋಚ್ಚ ನ್ಯಾಯಾಲಯ 2018ರ ಫೆಬ್ರವರಿಯಲ್ಲಿ ತೀರ್ಪಿತ್ತಿದೆ. ಆ ಮೊಕದ್ದಮೆಯಲ್ಲಿ ವಾಹನ ಒಬ್ಬರಿಂದ ಒಬ್ಬರಿಗೆ ಹಲವು ಕೈ ದಾಟಿತ್ತು. ಹೊಣೆ ಮಾತ್ರ ಮೊದಲಿನವನ ಮನೆಯ ಬಾಗಿಲಿಗೇ ಬಂತು. ಹಳೆಯ ಜೀಪು ಮಾರಿದ ಮುದುಕರು ಎಷ್ಟೋ ಜನ ಇಂತಹ ಹೊಣೆಯನ್ನು ಅರಿಯದೆ ನೆಮ್ಮದಿಯಾಗಿ ನಿದ್ರಿಸುತ್ತಿದ್ದಾರೆ. ಅವರ ಮಕ್ಕಳು ಒಮ್ಮೆ ಕಾಗದ ತೆರೆದು ನೋಡುವುದು ಒಳ್ಳೆಯದು.

ಕಡೆಯದಾಗಿ ಒಂದು ಮಾತು. ಈಚೆಗೆ ಹಳೆಯ ಜೀಪಿನ ಮೇಲೆ ನಗರದ ಯುವಕರಿಗೆ ಒಲವು ಹೆಚ್ಚಿದೆ, ಅದರೊಡನೆ ಬೆಲೆಯೂ ಏರಿದೆ. ಒಲವನ್ನು ನಾನು ಹಳಿಯುವುದಿಲ್ಲ. ಚೆಲುವಾದುದನ್ನು ಬಯಸುವುದು ತಪ್ಪಲ್ಲ. ಆದರೆ ಜೀಪು ಒಬ್ಬನನ್ನೇ ಹೊತ್ತು ಹೋಗುವುದು ಅಪರೂಪ. ಹಿಂದಿನ ಸೀಟಿನಲ್ಲಿ ಮಕ್ಕಳಿರುತ್ತಾರೆ, ತೋಟದ ಆಳುಗಳಿರುತ್ತಾರೆ, ದಾರಿಯಲ್ಲಿ ಕೈಯೆತ್ತಿದ ಅಜ್ಜಿಯೊಬ್ಬಳಿರುತ್ತಾಳೆ. ಅವರಾರೂ ಅಡಿಯಲ್ಲಿ ಮಲಗಿ ಚಾಸಿ ನೋಡಿ ಹತ್ತಿದವರಲ್ಲ. ಕೊಂಡವನು ನೋಡಿರುತ್ತಾನೆ ಎಂಬ ನಂಬಿಕೆಯಿಂದ ಹತ್ತಿದವರು. ಆದ್ದರಿಂದ ಕೊಳ್ಳುವ ದಿನ ಹಳೆಯ ಅಂಗಿ ತೊಟ್ಟು, ಒಂದು ಗೋಣಿತಾಟು ಹಿಡಿದು ಹೋಗಿರಿ. ಅಂಗಿಗೆ ಮಣ್ಣಾಗದೆ ನೋಡಿಬಂದ ಜೀಪಿಗೆ ಮುಂಗಡ ಕೊಡಬೇಡಿ.