ಹಂಗಾಮಿ ನೌಕರರನ್ನು ಬಿಡಿಸುವ ರೀತಿ

(ಸಂಘದ ಬೆಳ್ಳಿಹಬ್ಬದ ಸಮಾರಂಭದಲ್ಲಿ ಮಾಡಿದ ಭಾಷಣ)



ಬೆಳ್ಳಿಹಬ್ಬದ ದಿನ ಠೇವಣಿ, ಷೇರು, ಲಾಭಾಂಶದ ಮಾತು ಬರಬೇಕು. ಅದನ್ನು ಕಾರ್ಯದರ್ಶಿಗಳು ವರದಿಯಲ್ಲಿ ಚೆನ್ನಾಗಿ ಹೇಳಿದ್ದಾರೆ. ನಾನು ಶಿವಮೊಗ್ಗದ ಸರ್ಕಾರಿ ಕಚೇರಿಯೊಂದರಲ್ಲಿ ಲೆಕ್ಕಪತ್ರ ನೋಡಿಕೊಂಡು ನಿವೃತ್ತನಾದವನು. ನನಗೆ ಗೊತ್ತಿರುವುದು ಮಸ್ಟರ್ ರೋಲು. ಆದ್ದರಿಂದ ದಿನಗೂಲಿ, ಹಂಗಾಮಿ, ಗುತ್ತಿಗೆ ಅಂತ ನಾನಾ ಹೆಸರಿನಲ್ಲಿ ದುಡಿಯುವವರ ಬಗ್ಗೆ, ಅದರಲ್ಲೂ ಅವರ ಕೆಲಸ ಮುಗಿಯುವ ದಿನದ ಬಗ್ಗೆ ಎರಡು ಮಾತು ಹೇಳುತ್ತೇನೆ. ಹಬ್ಬದ ದಿನ ಇದೇನಪ್ಪಾ ಅಂದುಕೊಳ್ಳಬೇಡಿ. ಸಂಘಕ್ಕೂ ಇದು ಸಂಬಂಧಪಟ್ಟದ್ದೇ, ಆಮೇಲೆ ಅಲ್ಲಿಗೆ ಬರುತ್ತೇನೆ.

ನಮ್ಮ ಕಚೇರಿಗೆ ಭದ್ರಾವತಿ ಕಡೆಯಿಂದ ದಿನಾ ಬಸ್ಸಿನಲ್ಲಿ ಬರುವ ಒಬ್ಬ ಹೆಣ್ಣುಮಗಳಿದ್ದರು. 1987ರಲ್ಲಿ ದಿನಗೂಲಿಗೆ ಸೇರಿದವರು. ಕಸ ಗುಡಿಸುವುದರಿಂದ ಹಿಡಿದು ಕಡತ ಹುಡುಕಿ ಕೊಡುವವರೆಗೆ ಎಲ್ಲಾ ಮಾಡುತ್ತಿದ್ದರು. ಸಾಹೇಬರು ಕೇಳಿದ ಕಡತ ಯಾವ ಬೀರುವಿನಲ್ಲಿದೆ ಅಂತ ನಮಗಿಂತ ಅವರಿಗೇ ಚೆನ್ನಾಗಿ ಗೊತ್ತಿತ್ತು. ಆದರೆ ಮಸ್ಟರ್ ರೋಲಿನಲ್ಲಿ ಮೂರು ತಿಂಗಳು ತುಂಬುವ ಹೊತ್ತಿಗೆ ಅವರ ಹೆಸರು ನಿಲ್ಲುತ್ತಿತ್ತು, ಎರಡು ದಿನ ಬಿಟ್ಟು ಮತ್ತೆ ಶುರುವಾಗುತ್ತಿತ್ತು. ಆ ಎರಡು ದಿನವೂ ಅವರು ಬಂದು ಕೆಲಸ ಮಾಡಿದ್ದುಂಟು. ಗೆರೆ ಎಳೆಯುತ್ತಿದ್ದವನು ನಾನೇ. ಮೇಲಿನವರು ಹೇಳಿದರು, ಎಳೆದೆ. ಸೇವೆ ಸತತ ಅಂತ ಆಗಬಾರದು, ನಾಳೆ ಹಕ್ಕು ಕೇಳಬಾರದು, ಅದಕ್ಕೆ ಆ ಗೆರೆ.

1998ರಲ್ಲಿ ಒಂದು ಸೋಮವಾರ ಅವರು ಎಂದಿನಂತೆ ಊಟದ ಡಬ್ಬಿ ಹಿಡಿದು ಬಂದರು. ಗೇಟಿನಲ್ಲಿ ಕಾವಲುಗಾರ "ಇವತ್ತಿಂದ ನಿಮ್ಮ ಹೆಸರಿಲ್ಲವಂತೆ" ಅಂದ. ಅವರು ಅಳಲಿಲ್ಲ, ಕೂಗಾಡಲಿಲ್ಲ. ನನ್ನ ಮೇಜಿನ ಹತ್ತಿರ ಬಂದು, "ಶನಿವಾರವೇ ಹೇಳಿದ್ರೆ ಬಸ್ ಚಾರ್ಜಾದ್ರೂ ಉಳೀತಿತ್ತಲ್ಲ ಸಾರ್" ಅಂದರು. ಆಮೇಲೆ, "ಹನ್ನೊಂದು ವರ್ಷ ಇಲ್ಲಿ ಕೆಲಸ ಮಾಡಿದ್ದೀನಿ ಅಂತ ಒಂದು ಚೀಟಿ ಬರ್ಕೊಡಿ" ಅಂದರು. ಆ ಚೀಟಿಯನ್ನೂ ಕೊಡುವ ಧೈರ್ಯ ನಮಗಾಗಲಿಲ್ಲ. ಕೊಟ್ಟರೆ ಕೋರ್ಟಿನಲ್ಲಿ ಅದು ದಾಖಲೆಯಾಗುತ್ತದಲ್ಲ!

ಹಾಗಾದರೆ ಕಾನೂನು ಎಲ್ಲಿ ಹೋಗಿತ್ತು ಅಂತ ಕೇಳಬಹುದು. ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘದವರು ಸುಪ್ರೀಂ ಕೋರ್ಟಿಗೆ ಹೋಗಿ 1990ರಲ್ಲಿ ಗೆದ್ದರು. ಹತ್ತು ವರ್ಷ ಪೂರೈಸಿದವರಲ್ಲಿ 18,600 ಮಂದಿಯನ್ನು ಕೂಡಲೇ ಕಾಯಂ ಮಾಡಬೇಕೆಂದು ಆಯಿತು. ಆದರೆ ಆ ಯೋಜನೆ 1984ರ ಜುಲೈ 1ರವರೆಗೆ ಸೇರಿದ್ದವರಿಗೆ. ನಮ್ಮವರು ಸೇರಿದ್ದು ಮೂರು ವರ್ಷ ತಡವಾಗಿ. ಮುಂದೆ 2006ರ ಏಪ್ರಿಲ್ 10ರಂದು ಕರ್ನಾಟಕದ್ದೇ ಉಮಾದೇವಿ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ, ನೇಮಕಾತಿ ನಿಯಮ ಬಿಟ್ಟು ಸೇರಿದವರು ಕಾಯಮಾತಿಯನ್ನು ಹಕ್ಕಾಗಿ ಕೇಳುವಂತಿಲ್ಲ ಎಂದಿತು. ಮಂಜೂರಾದ ಹುದ್ದೆಯಲ್ಲಿ ಕೋರ್ಟಿನ ಆಜ್ಞೆಯ ಆಸರೆಯಿಲ್ಲದೆ ಹತ್ತು ವರ್ಷ ದುಡಿದವರಿಗೆ ಮಾತ್ರ ಒಂದು ಸಲದ ವಿನಾಯಿತಿ. 2012ರ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಕಾಯ್ದೆಯಿಂದ, ಉಳಿದುಕೊಂಡಿದ್ದ ಹಳಬರಿಗೆ 60 ವರ್ಷದವರೆಗೆ ಮುಂದುವರಿಯುವ ದಾರಿಯಾಯಿತು. ಇವೆಲ್ಲ ಬರುವ ಹೊತ್ತಿಗೆ ಆ ಹೆಣ್ಣುಮಗಳು ಗೇಟಿನ ಹೊರಗೆ ಹೋಗಿ ವರ್ಷಗಳೇ ಆಗಿದ್ದವು.

ಉಮಾದೇವಿ ತೀರ್ಪನ್ನು ಬೈಯುವವರು ಬಹಳ. ನಾನು ಪೂರ್ತಿ ಬೈಯುವುದಿಲ್ಲ. ಪರೀಕ್ಷೆಗೆ ಓದಿ, ಅರ್ಜಿ ಹಾಕಿ ಕಾದಿರುವ ಹುಡುಗನೂ ನಮ್ಮೂರಿನವನೇ. ಹಂಗಾಮಿ ಕೆಲಸ ಒಂದು ದಿನ ಮುಗಿಯುತ್ತದೆ, ಮುಗಿಯಲಿ. ನನ್ನ ತಕರಾರು ಮುಗಿಸುವ ರೀತಿಯ ಮೇಲೆ. ಒಬ್ಬ ಹಂಗಾಮಿಯನ್ನು ತೆಗೆದು ಆ ಜಾಗಕ್ಕೆ ಇನ್ನೊಬ್ಬ ಹಂಗಾಮಿಯನ್ನು ತರಬಾರದು, ಕ್ರಮವಾಗಿ ಆಯ್ಕೆಯಾದವರು ಬಂದಾಗಲೇ ಬಿಡಿಸಬೇಕು ಎಂದು ಸುಪ್ರೀಂ ಕೋರ್ಟು ಹರಿಯಾಣದ ಪ್ರಕರಣದಲ್ಲಿ 1992ರಲ್ಲೇ ಹೇಳಿತ್ತು. 1947ರ ಕೈಗಾರಿಕಾ ವಿವಾದಗಳ ಕಾಯ್ದೆಯಲ್ಲಿ, ವರ್ಷದಲ್ಲಿ 240 ದಿನ ದುಡಿದ ಕಾರ್ಮಿಕನನ್ನು ತೆಗೆಯಬೇಕಾದರೆ ಒಂದು ತಿಂಗಳ ನೋಟೀಸು ಇಲ್ಲವೇ ಆ ತಿಂಗಳ ಸಂಬಳ, ಜೊತೆಗೆ ಸೇವೆಯ ಪ್ರತಿ ವರ್ಷಕ್ಕೆ 15 ದಿನದ ಸಂಬಳ ಎಂದಿತ್ತು. ಹೊಸ ಸಂಹಿತೆಯಲ್ಲೂ ಆ ಮಾತು ಉಳಿದಿದೆ. ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ವರ್ಷಾನುಗಟ್ಟಲೆ ಕಸ ಗುಡಿಸಿದ ಮಹಿಳೆಯರನ್ನು 2018ರಲ್ಲಿ ನೋಟೀಸಿಲ್ಲದೆ ತೆಗೆದಿದ್ದರು. 2024ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಮಾಡಿ, ಅವರನ್ನು ವಾಪಸು ಸೇರಿಸಿ ಕಾಯಂ ಮಾಡಿ ಎಂದಿತು. ದೀರ್ಘಕಾಲ ದುಡಿದವರನ್ನು ಹೊರಗೆ ಹಾಕಲು ಉಮಾದೇವಿ ತೀರ್ಪನ್ನು ನೆಪ ಮಾಡಿಕೊಳ್ಳುವಂತಿಲ್ಲ ಎಂಬುದೇ ಅದರ ತಾತ್ಪರ್ಯ.

ಭದ್ರಾವತಿಯಿಂದ ಬಂದಿರುವ ನೆಂಟರಿಗೆ ಇದನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ. ಅಲ್ಲಿ 1936ರಲ್ಲಿ ಸ್ಥಾಪನೆಯಾದ ಕಾಗದದ ಕಾರ್ಖಾನೆ 2015ರಲ್ಲಿ ನಿಂತಿತು. ವಿಶ್ವೇಶ್ವರಯ್ಯನವರ ಕಬ್ಬಿಣದ ಕಾರ್ಖಾನೆ 1923ರ ಜನವರಿಯಲ್ಲಿ ಉತ್ಪಾದನೆ ಶುರುಮಾಡಿದ್ದು. ನೂರು ವರ್ಷ ತುಂಬುವ ತಿಂಗಳಲ್ಲೇ, 2023ರ ಜನವರಿಯಲ್ಲಿ, ಅದನ್ನು ಮುಚ್ಚುವ ತೀರ್ಮಾನ ಬಂತು. ಆಗ ಧರಣಿ ಕೂತವರು ಗುತ್ತಿಗೆ ಕಾರ್ಮಿಕರು. ಕಾಯಂ ನೌಕರನಿಗೆ ವರ್ಗಾವಣೆಯೋ, ಸ್ವಯಂ ನಿವೃತ್ತಿಯೋ ಒಂದು ದಾರಿ ಇರುತ್ತದೆ. ಗುತ್ತಿಗೆಯವನು ಯಾರನ್ನು ಕೇಳಬೇಕು? ಸಾಮಾನ್ಯವಾಗಿ ಎಲ್ಲಾ ಕಡೆಯೂ ಮಾಲೀಕರು ಗುತ್ತಿಗೆದಾರನನ್ನು ತೋರಿಸುತ್ತಾರೆ, ಗುತ್ತಿಗೆದಾರ ಟೆಂಡರು ಮುಗೀತು ಅನ್ನುತ್ತಾನೆ.

ಈಗ ನಮ್ಮ ಸಂಘಕ್ಕೆ ಬರೋಣ. ಕಾರ್ಯದರ್ಶಿಗಳಿಗೆ, ಗುಮಾಸ್ತರಿಗೆ ನೇಮಕದ ಆದೇಶವಿದೆ. ಮುಂಗಾರಿನಲ್ಲಿ ಗೊಬ್ಬರದ ಮೂಟೆ ಇಳಿಸಿ, ಲೆಕ್ಕ ನೋಡಿ, ಚೀಟಿ ಹರಿದು ಕೊಡುವ ಹುಡುಗರಿಗೆ ಏನಿದೆ? "ನಾಳೆಯಿಂದ ಬಾ" ಅಂದರೆ ಬರುತ್ತಾರೆ, "ಸಾಕು" ಅಂದರೆ ಹೋಗುತ್ತಾರೆ. ನಾವೆಲ್ಲ ಅವರಿಗೆ ಚಿಕ್ಕಪ್ಪ, ದೊಡ್ಡಪ್ಪಂದಿರೇ ಆದ್ದರಿಂದ ಬಾಯಿಬಿಟ್ಟು ಕೇಳುವುದಕ್ಕೂ ಸಂಕೋಚ. ಸರ್ಕಾರವನ್ನು ಬೈಯುವ ನಾವೇ ಇಲ್ಲಿ ಸರ್ಕಾರ.

ಹಬ್ಬದ ನೆನಪಿಗೆ ನಡವಳಿ ಪುಸ್ತಕದಲ್ಲಿ ಒಂದು ಠರಾವು ಬರೆಯಿರಿ ಅಂತ ನನ್ನ ಕೋರಿಕೆ. ಸೇರಿಸಿಕೊಳ್ಳುವಾಗಲೇ ಎಷ್ಟು ದಿನಕ್ಕೆ ಅಂತ ಕಾಗದ ಕೊಡೋಣ. ನಿಲ್ಲಿಸುವುದಾದರೆ ತಿಂಗಳ ಮುಂಚೆ ಹೇಳೋಣ, ಕೊನೆಯ ದಿನವೇ ಬಾಕಿ ಚುಕ್ತಾ ಮಾಡೋಣ. ಕೆಲಸ ಮಾಡಿದ್ದಕ್ಕೆ ಸಂಘದ ಮೊಹರು ಹಾಕಿದ ಒಂದು ಪತ್ರ ಬೇಕು. ಅದಕ್ಕೆ ಆಗುವ ಖರ್ಚು ಒಂದು ಹಾಳೆ. ಮತ್ತೆ ಜನ ಬೇಕಾದಾಗ ಮೊದಲು ಅವರನ್ನೇ ಕರೆಯಬೇಕು. ಸಂಘಕ್ಕೆ ನಷ್ಟವಾಗುತ್ತದೆ ಅನ್ನುವ ನಿರ್ದೇಶಕರಿದ್ದರೆ ಲೆಕ್ಕ ನಾನು ಹಾಕಿಕೊಡುತ್ತೇನೆ, ಸಂಬಳ ಬೇಡ.

ಈ ಸಲದ ಗೊಬ್ಬರದ ಕೆಲಸ ಮುಂದಿನ ತಿಂಗಳಿಗೆ ಮುಗಿಯುತ್ತದೆ ಅಂತ ಕಾರ್ಯದರ್ಶಿಗಳು ಹೇಳಿದರು. ಗೋದಾಮಿನ ಇಬ್ಬರು ಹುಡುಗರೂ ಪೆಂಡಾಲಿನ ಹಿಂದೆ ಊಟಕ್ಕೆ ಎಲೆ ಹಾಕುತ್ತಿದ್ದಾರೆ. ಊಟವಾದ ಮೇಲೆ ಅಧ್ಯಕ್ಷರು ಅವರನ್ನು ಕರೆದು ಕೂರಿಸಿಕೊಂಡು, ಎಷ್ಟನೇ ತಾರೀಖಿನವರೆಗೆ ಕೆಲಸ ಅಂತ ಹೇಳಿಬಿಟ್ಟರೆ ನೀವು ಹೊದಿಸಿದ ಈ ಶಾಲಿಗಿಂತ ನನಗೆ ಅದೇ ಹೆಚ್ಚು.